ಪ್ವೆಬ್ಲೊ ಜನರ ಮಣ್ಣೊಲೆ ಬ್ರೆಡ್ಡು: ಮನೆಯಲ್ಲಿ ತಯಾರಿಸುವ ಕ್ರಮ

ಅಮೆರಿಕ ಸಂಯುಕ್ತ ಸಂಸ್ಥಾನದ ನೈರುತ್ಯ ಭಾಗದಲ್ಲಿರುವ ನ್ಯೂ ಮೆಕ್ಸಿಕೊ ರಾಜ್ಯವು ನಮ್ಮ ಬಯಲುಸೀಮೆಯಂತೆಯೇ ಮಳೆ ಕಡಮೆ ಬೀಳುವ ಪ್ರದೇಶ. ರಿಯೊ ಗ್ರಾಂಡೆ ನದಿಯ ಕಣಿವೆಯಲ್ಲಿಯೂ ಅದರ ಪಶ್ಚಿಮಕ್ಕಿರುವ ಒಣ ಪ್ರಸ್ಥಭೂಮಿಯಲ್ಲಿಯೂ ಅಲ್ಲಿನ ಮೂಲನಿವಾಸಿಗಳಾದ ಪ್ವೆಬ್ಲೊ ಜನರ 19 ಊರುಗಳಿವೆ. ಸ್ಪೇನಿನ ಭಾಷೆಯಲ್ಲಿ ಪ್ವೆಬ್ಲೊ ಎಂದರೆ ಊರು ಎಂದೇ ಅರ್ಥ. ಹಸಿ ಇಟ್ಟಿಗೆಯಿಂದ ಕಟ್ಟಿ ಮಣ್ಣು ಸಾರಿಸಿದ ಮನೆಗಳ ಮುಂದೆ, ದೊಡ್ಡ ಗುಡಾಣವನ್ನು ಬೋರಲು ಹಾಕಿದಂತೆ ಕಾಣುವ ಗುಮ್ಮಟಗಳು ಅಲ್ಲಲ್ಲಿ ಇರುತ್ತವೆ. ಇವೇ ಅವರ ಬ್ರೆಡ್ಡಿನ ಒಲೆಗಳು. ಇವನ್ನು ಒರ್ನೊ ಎಂದು ಕರೆಯುತ್ತಾರೆ.

ಈ ಒಲೆಯ ವಿಶೇಷವೆಂದರೆ, ಬ್ರೆಡ್ಡು ಒಳಗೆ ಹೋಗುವ ಹೊತ್ತಿಗೆ ಅದರಲ್ಲಿ ಬೆಂಕಿ ಇರುವುದಿಲ್ಲ. ಮೊದಲು ಎರಡು ಗಂಟೆಗೂ ಮಿಕ್ಕಿ ಒಳಗೇ ಸೌದೆ ಉರಿಸಿ, ಕೆಂಡ ಬೂದಿಗಳನ್ನು ಪೂರಾ ಹೊರಗೆಳೆದು, ನೆಲ ಒರೆಸಿ, ಆಮೇಲೆ ಹಿಟ್ಟಿನ ಉಂಡೆಗಳನ್ನಿಟ್ಟು ಬಾಗಿಲು ಮುಚ್ಚುತ್ತಾರೆ. ಗೋಡೆಯ ಮಣ್ಣು ಹೀರಿಕೊಂಡ ಶಾಖವೇ ಬ್ರೆಡ್ಡನ್ನು ಬೇಯಿಸಬೇಕು. ಆ ಶಾಖ ಸಾಲದೆ ಹೋದರೆ ನಡುವೆ ಒಂದು ಕಡ್ಡಿ ಸೌದೆ ಸೇರಿಸಲೂ ಬರುವುದಿಲ್ಲ. ಊರ ಹಬ್ಬದ ದಿನ ಬರುವ ನೆಂಟರಿಗೂ ಅಪರಿಚಿತರಿಗೂ ಊಟವಿಕ್ಕಲು ಒಂದೇ ಸಲಕ್ಕೆ ಕೆಲವು ಡಜನ್ ಬ್ರೆಡ್ಡು ಬೇಯಿಸುವ ಗೃಹಿಣಿಗೆ, ಬಾಗಿಲು ಮುಚ್ಚುವ ಆ ಒಂದು ಗಳಿಗೆಯ ತೀರ್ಮಾನದ ಮೇಲೆ ಇಡೀ ಚೀಲದ ಹಿಟ್ಟು ನಿಂತಿರುತ್ತದೆ. ಆದುದರಿಂದ ಈ ಲೇಖನದಲ್ಲಿ ಹಿಟ್ಟಿನ ವಿಷಯಕ್ಕಿಂತ ಶಾಖದ ವಿಷಯಕ್ಕೆ ಹೆಚ್ಚು ಜಾಗ ಕೊಡಲಾಗಿದೆ.

ಗೋಧಿ ಬಂದ ಬಗೆ

ಪ್ವೆಬ್ಲೊ ಜನರ ಮೂಲ ಬೆಳೆಗಳು ಮುಸುಕಿನ ಜೋಳ, ಹುರುಳಿಕಾಯಿ ಜಾತಿಯ ಬೀನ್ಸ್ ಮತ್ತು ಕುಂಬಳ. ಗೋಧಿ ಅವರದಲ್ಲ. 1598ರಲ್ಲಿ ಹ್ವಾನ್ ದೆ ಒನ್ಯಾತೆ ಎಂಬ ಸ್ಪೇನಿನ ನಾಯಕ ವಲಸೆಗಾರರೊಡನೆ ಬಂದು ಓಕೆ ಓವಿಂಗೆ ಎಂಬ ಪ್ವೆಬ್ಲೊ ಊರಿನ ಬಳಿ ನೆಲೆಸಿದನು. ಗೋಧಿ, ಕುರಿ, ದನ, ಕುದುರೆಗಳೂ ಗುಮ್ಮಟದ ಒಲೆಯೂ ಈ ವಲಸೆಯೊಂದಿಗೆ ಆ ಸೀಮೆಗೆ ಬಂದವು. ಸ್ಪೇನಿನವರಿಗೆ ಈ ಒಲೆ ದೊರೆತದ್ದು ಶತಮಾನಗಳ ಕಾಲ ಅವರ ದೇಶವನ್ನಾಳಿದ ಮೂರ್ ಜನರಿಂದ. ಕಾಲುವೆಗೆ ಅಲ್ಲಿ ಇಂದಿಗೂ ಬಳಕೆಯಲ್ಲಿರುವ ಅಸೇಕಿಯ ಎಂಬ ಹೆಸರೂ ಅರಬ್ಬಿ ಭಾಷೆಯದೇ.

ಬಂದದ್ದೆಲ್ಲ ಸಂತೋಷದಿಂದ ಬರಲಿಲ್ಲ. ಬಲವಂತದ ದುಡಿಮೆ, ಕಂದಾಯವಾಗಿ ಧಾನ್ಯದ ವಸೂಲಿ, ಹಳೆಯ ಪೂಜಾವಿಧಿಗಳ ನಿಷೇಧ ಇವುಗಳಿಂದ ಬೇಸತ್ತ ಜನರು 1680ರ ಆಗಸ್ಟ್ ತಿಂಗಳಲ್ಲಿ ಓಕೆ ಓವಿಂಗೆಯ ಪೊಪೆ ಎಂಬಾತನ ಮುಂದಾಳುತನದಲ್ಲಿ ದಂಗೆಯೆದ್ದು ಸ್ಪೇನಿನವರನ್ನು ಹೊರದೂಡಿದರು. ಪರಕೀಯರು ತಂದ ಬೀಜಗಳನ್ನು ಸುಟ್ಟುಬಿಡಬೇಕು, ಜೋಳ ಬೀನ್ಸುಗಳಂಥ ತಮ್ಮ ಹಿರಿಯರ ಬೆಳೆಗಳನ್ನು ಮಾತ್ರ ಬಿತ್ತಬೇಕು ಎಂದು ಪೊಪೆ ಆಜ್ಞೆ ಮಾಡಿದನೆಂದು 1681ರಲ್ಲಿ ಸೆರೆಸಿಕ್ಕ ಕೆಲವರು ಕೊಟ್ಟ ಹೇಳಿಕೆಗಳಲ್ಲಿ ದಾಖಲಾಗಿದೆ. ಸ್ಪೇನಿನವರು ಮರಳಿ ಬಂದದ್ದು 1692ರಲ್ಲಿ. ಆದರೂ ಗೋಧಿ ಉಳಿಯಿತು, ಒಲೆಯೂ ಉಳಿಯಿತು. ಇದಕ್ಕೆ ಕಾರಣ ರೈತರಿಗೆ ಸುಲಭವಾಗಿ ತಿಳಿಯತಕ್ಕದ್ದೇ. ಮುಸುಕಿನ ಜೋಳ ಬೇಸಿಗೆಯ ಬೆಳೆ, ಕೊಯ್ಲಿಗೆ ಬರುವುದು ಶರತ್ಕಾಲದಲ್ಲಿ. ಗೋಧಿಯಾದರೋ ಚಳಿಯನ್ನು ತಡೆದು, ಹಿಮ ಕರಗಿ ಬರುವ ಕಾಲುವೆ ನೀರಿನಲ್ಲಿ ಬೆಳೆದು, ಜೋಳದ ಕಣಜ ಬರಿದಾಗುವ ಹೊತ್ತಿಗೆ ಕೈಗೆ ಬರುತ್ತದೆ. ಹೊಟ್ಟೆಗೆ ಹಿಟ್ಟಿಲ್ಲದ ತಿಂಗಳುಗಳನ್ನು ತುಂಬಿಕೊಡುವ ಬೆಳೆಯನ್ನು ಯಾವ ಒಕ್ಕಲಿಗನೂ ಸುಲಭವಾಗಿ ಬಿಡುವುದಿಲ್ಲ. ಮೂರು ನಾಲ್ಕು ತಲೆಮಾರಿನಲ್ಲಿ ಹೊರಗಿನ ಬ್ರೆಡ್ಡು ಮನೆಯ ಬ್ರೆಡ್ಡಾಯಿತು.

ಇದೇ ಕಥೆಯ ಇನ್ನೊಂದು ಮಗ್ಗಲು ನಮ್ಮ ಪಶ್ಚಿಮ ಕರಾವಳಿಯಲ್ಲಿದೆ. ಸ್ಪೇನಿನ ನೆರೆಯವರಾದ ಪೋರ್ಚುಗೀಸರು 1510ರಲ್ಲಿ ಗೋವೆಯನ್ನು ಹಿಡಿದ ಮೇಲೆ ಉಬ್ಬಿದ ಬ್ರೆಡ್ಡೂ ಸೌದೆಯ ಗುಮ್ಮಟದೊಲೆಯೂ ಅಲ್ಲಿ ಬೇರೂರಿದವು. ಯೀಸ್ಟ್ ದೊರೆಯದಿದ್ದುದರಿಂದ ಅಲ್ಲಿನವರು ತೆಂಗಿನ ಹೆಂಡ ಹಾಕಿ ಹಿಟ್ಟು ಉಬ್ಬಿಸಿದರು. ಸ್ಪೇನಿನವರ ಒರ್ನೊ, ಪೋರ್ಚುಗೀಸರ ಫೋರ್ನೊ ಎರಡೂ ಒಂದೇ ಲ್ಯಾಟಿನ್ ಶಬ್ದದ ಮಕ್ಕಳು. ಮೆಣಸಿನಕಾಯಿ, ಮುಸುಕಿನ ಜೋಳ, ಆಲೂಗಡ್ಡೆಗಳು ಅಮೆರಿಕದಿಂದ ನಮ್ಮಲ್ಲಿಗೆ ಬಂದ ಕಾಲವೂ ಇದೇ ಎಂಬುದನ್ನು ನೆನೆದರೆ, ಪ್ವೆಬ್ಲೊ ಗೃಹಿಣಿ ಗೋಧಿ ಬ್ರೆಡ್ಡನ್ನು ಮೆಣಸಿನಕಾಯಿ ಸಾರಿಗೆ ಅದ್ದಿ ತಿನ್ನುವುದು ನಮಗೆ ಅಷ್ಟೇನೂ ಹೊಸದಾಗಿ ಕಾಣದು.

ಒಲೆಯ ರಚನೆ

ಒರ್ನೊ ಕಟ್ಟಲು ಕಲ್ಲು ಮಣ್ಣಿನ ಜಗಲಿಯೊಂದನ್ನು ಹಾಕಿ, ಮೇಲೆ ಚಪ್ಪಡಿ ಅಥವಾ ಇಟ್ಟಿಗೆಯ ಸಮತಟ್ಟಾದ ನೆಲ ಮಾಡುತ್ತಾರೆ. ಅದರ ಸುತ್ತ ಹಸಿ ಇಟ್ಟಿಗೆಗಳನ್ನು ಸುತ್ತುಸುತ್ತಾಗಿ ಒಳಕ್ಕೆ ವಾಲಿಸುತ್ತ ಹೋಗಿ ಗುಮ್ಮಟ ಮುಚ್ಚುತ್ತಾರೆ. ಒಳಗೂ ಹೊರಗೂ ಹುಲ್ಲು ಬೆರೆಸಿದ ಮಣ್ಣಿನ ಗಿಲಾವು. ಮುಂದೆ ಒಂದು ತಗ್ಗಾದ ಬಾಗಿಲು, ಪಕ್ಕದಲ್ಲಿ ಮೇಲುಗಡೆ ಹೊಗೆ ಹೋಗಲು ಮುಷ್ಟಿ ಹಿಡಿಸುವಷ್ಟು ತೂತು. ಬಾಗಿಲನ್ನು ಗಾಳಿಗೆ ಎದುರಾಗಿ ಇಡುವುದಿಲ್ಲ. ಬಾಗಿಲು ಗುಮ್ಮಟದ ಎತ್ತರಕ್ಕಿಂತ ಸಾಕಷ್ಟು ತಗ್ಗಾಗಿರಬೇಕು, ಏಕೆಂದರೆ ಬಿಸಿ ಗಾಳಿ ಮೇಲಕ್ಕೇರುವುದರಿಂದ ಬಾಗಿಲ ನೆತ್ತಿಗಿಂತ ಮೇಲಿನ ಜಾಗವೇ ಶಾಖದ ಕಣಜ.

ಮಳೆ ಹಿಮಗಳಿಗೆ ಗಿಲಾವು ಸವೆಯುವುದರಿಂದ ಆಗಾಗ ಹೊಸದಾಗಿ ಮಣ್ಣು ಮೆತ್ತಬೇಕಾಗುತ್ತದೆ. ನಮ್ಮಲ್ಲಿ ಯಾರಾದರೂ ಪ್ರಯತ್ನ ಮಾಡುವುದಾದರೆ ಎರೆಮಣ್ಣನ್ನು ಮಾತ್ರ ನೆಚ್ಚಬಾರದು. ಅದು ನೆನೆದಾಗ ಉಬ್ಬಿ ಒಣಗಿದಾಗ ಕುಗ್ಗುವ ಗುಣದ್ದಾದ ಕಾರಣ ಒಲೆ ಬಿರುಕು ಬಿಡುತ್ತದೆ. ಮರಳು ಬೆರೆತ ಕೆಂಪು ಮಣ್ಣಿಗೆ ಕತ್ತರಿಸಿದ ಭತ್ತದ ಹುಲ್ಲು ಸೇರಿಸಿ ತುಳಿದು ಹದ ಮಾಡಿದ್ದು ಉತ್ತಮ. ಮೇಲೆ ಒಂದು ಚಪ್ಪರವಿಲ್ಲದೆ ನಮ್ಮ ಮುಂಗಾರಿನಲ್ಲಿ ಇಂಥ ಒಲೆ ನಿಲ್ಲದು.

ಯಾವ ಗೋಧಿ, ಯಾವ ಹಿಟ್ಟು?

ಇಂದು ಪ್ವೆಬ್ಲೊ ಮನೆಗಳಲ್ಲಿ ಹೆಚ್ಚಾಗಿ ಅಂಗಡಿಯಿಂದ ತಂದ ಬಿಳಿಯ ಗೋಧಿ ಹಿಟ್ಟನ್ನೇ ಬಳಸುತ್ತಾರೆ. ನಮ್ಮ ಮೈದಾ ಇದಕ್ಕೆ ಹತ್ತಿರದ್ದು. ಹಿಟ್ಟಿಗೆ ನೀರು ಸೇರಿಸಿ ನಾದಿದಾಗ ಗೋಧಿಯ ಸಸಾರಜನಕಗಳು ಸೇರಿ ಗ್ಲುಟೆನ್ ಎಂಬ ಅಂಟಾದ ಬಲೆಯಾಗುತ್ತವೆ. ಯೀಸ್ಟ್ ಎಂಬ ಸೂಕ್ಷ್ಮ ಜೀವಿ ಹಿಟ್ಟಿನ ಸಕ್ಕರೆಯನ್ನು ತಿಂದು ಬಿಡುವ ಇಂಗಾಲದ ಡೈಆಕ್ಸೈಡ್ ಅನಿಲ ಈ ಬಲೆಯಲ್ಲಿ ಸಿಕ್ಕಿಕೊಳ್ಳುವುದರಿಂದಲೇ ಹಿಟ್ಟು ಉಬ್ಬುತ್ತದೆ. ಬಲೆ ಹಿಗ್ಗಬೇಕು, ಹಿಗ್ಗಿದರೂ ಹರಿಯಬಾರದು.

ಇಲ್ಲಿ ಉತ್ತರ ಕರ್ನಾಟಕದ ರೈತರಿಗೆ ಒಂದು ಎಚ್ಚರಿಕೆ ಅವಶ್ಯ. ಧಾರವಾಡ, ಬೆಳಗಾವಿ, ಬಾಗಲಕೋಟೆ ಕಡೆಗಳಲ್ಲಿ ಬೆಳೆಯುವ ಸದಕ ಅಥವಾ ಜವೆ ಗೋಧಿ, ಅಂದರೆ ಡಿಡಿಕೆ 1025, ಡಿಡಿಕೆ 1029ರಂಥ ತಳಿಗಳು, ಮಾದಲಿ ಹುಗ್ಗಿಗಳಿಗೆ ಹೇಳಿ ಮಾಡಿಸಿದಂಥವು. ಆದರೆ ಅವುಗಳ ಅಂಟು ಬ್ರೆಡ್ಡಿನ ಗೋಧಿಯಷ್ಟು ಬಲವಾದುದಲ್ಲ. ಬಿಜಗ ಯಲ್ಲೊದಂಥ ಡ್ಯೂರಂ ಗೋಧಿಯ ಅಂಟು ಗಟ್ಟಿ, ಆದರೆ ಹಿಗ್ಗುವುದು ಕಡಮೆ. ಇವುಗಳಿಂದಲೇ ಬ್ರೆಡ್ಡು ಮಾಡಿದರೆ ರುಚಿ ಕೆಡದು, ಆದರೆ ಕಲ್ಲಿನಂತೆ ಒತ್ತಾಗಿ ಬರುತ್ತದೆ. ಮನೆಯ ಗೋಧಿಯನ್ನೇ ಬಳಸಬೇಕೆನ್ನುವವರು ಡಿಡಬ್ಲ್ಯುಆರ್ 162ರಂಥ ಬ್ರೆಡ್ ಗೋಧಿಯನ್ನು ಬೀಸಿಸಿ, ತೌಡು ಜರಡಿ ಹಿಡಿದು, ಅರ್ಧದಷ್ಟು ಮೈದಾ ಬೆರೆಸಿಕೊಳ್ಳುವುದು ಲೇಸು. ತೌಡಿನ ಚೂಪಾದ ಚೂರುಗಳು ಅಂಟಿನ ಬಲೆಯನ್ನು ಹರಿಯುವುದರಿಂದ ಜರಡಿ ಹಿಡಿಯುವುದು ಬೇಕಾಗುತ್ತದೆ.

ಸಾಮಗ್ರಿ ಮತ್ತು ನಾದುವ ಕ್ರಮ

ಎರಡು ದೊಡ್ಡ ಬ್ರೆಡ್ಡುಗಳಿಗೆ ಮೈದಾ 1 ಕಿಲೊ, ನೀರು ಸುಮಾರು 600 ಮಿ.ಲೀ., ಉಪ್ಪು 18 ಗ್ರಾಂ, ಸಕ್ಕರೆ 20 ಗ್ರಾಂ, ಕೊಬ್ಬು 40 ಗ್ರಾಂ ಮತ್ತು ಒಣ ಯೀಸ್ಟ್ 7 ಗ್ರಾಂ, ಅಂದರೆ ಎರಡು ಚಹಾ ಚಮಚ, ಬೇಕು. ಗೋಧಿ ಹಿಟ್ಟು ಬೆರೆಸಿದಲ್ಲಿ ನೀರು ಇನ್ನೂ 50ರಿಂದ 100 ಮಿ.ಲೀ. ಹೆಚ್ಚು ಹಿಡಿಯುತ್ತದೆ. ಪ್ವೆಬ್ಲೊ ಮನೆಗಳಲ್ಲಿ ಬಳಸುವ ಕೊಬ್ಬು ಕರಗಿಸಿದ ಹಂದಿಯ ಕೊಬ್ಬು. ಅದು ಒಲ್ಲದವರು ತುಪ್ಪವನ್ನೋ ಅಡುಗೆ ಎಣ್ಣೆಯನ್ನೋ ಹಾಕಬಹುದು, ಬ್ರೆಡ್ಡು ಮೆತ್ತಗಿದ್ದು ಎರಡು ದಿನ ತಾಳುವುದಕ್ಕೆ ಯಾವುದೇ ಆದರೂ ಸರಿ.

ಅರ್ಧ ಬಟ್ಟಲು ಉಗುರು ಬೆಚ್ಚಗಿನ ನೀರಿಗೆ ಸಕ್ಕರೆ ಮತ್ತು ಯೀಸ್ಟ್ ಹಾಕಿ ಹತ್ತು ನಿಮಿಷ ಬಿಡಬೇಕು. ನೀರಿನ ಉಷ್ಣತೆ 38ರಿಂದ 42 ಡಿಗ್ರಿ ಸೆಂಟಿಗ್ರೇಡ್ ಇರಲಿ. ಬೆರಳಿಗೆ ಚುರುಕೆನ್ನುವಷ್ಟು ಬಿಸಿಯಾದರೆ ಯೀಸ್ಟ್ ಸಾಯುವ ಅಪಾಯವುಂಟು. 60 ಡಿಗ್ರಿಯಲ್ಲಿ ಅದು ಉಳಿಯುವುದೇ ಇಲ್ಲ. ಹತ್ತು ನಿಮಿಷದಲ್ಲಿ ನೊರೆ ಏಳದಿದ್ದರೆ ಯೀಸ್ಟ್ ಹಳತಾಗಿದೆಯೆಂದು ತಿಳಿದು ಅಲ್ಲಿಗೇ ನಿಲ್ಲಿಸತಕ್ಕದ್ದು. ಇಷ್ಟಾದ ಮೇಲೆ ಹಿಟ್ಟು ನಷ್ಟ ಮಾಡಿಕೊಳ್ಳುವುದು ಬುದ್ಧಿವಂತಿಕೆಯಲ್ಲ.

ಹಿಟ್ಟಿಗೆ ಉಪ್ಪು ಬೆರೆಸಿ, ಕೊಬ್ಬನ್ನು ಬೆರಳುಗಳಿಂದ ಉಜ್ಜಿ ಸೇರಿಸಿ, ಯೀಸ್ಟಿನ ನೀರನ್ನೂ ಉಳಿದ ನೀರನ್ನೂ ಸ್ವಲ್ಪಸ್ವಲ್ಪವಾಗಿ ಹಾಕುತ್ತ ಕಲಸಬೇಕು. ಚಪಾತಿ ಹಿಟ್ಟಿಗಿಂತ ತುಸು ಮೆದು, ಹೋಳಿಗೆಯ ಕಣಕಕ್ಕಿಂತ ಗಟ್ಟಿ ಇದ್ದರೆ ಹದ ಸರಿ. ಆಮೇಲೆ ಅಂಗೈಯ ಬುಡದಿಂದ ಮುಂದಕ್ಕೆ ತಳ್ಳಿ, ಮಡಚಿ, ಕಾಲು ಸುತ್ತು ತಿರುಗಿಸಿ ಮತ್ತೆ ತಳ್ಳುವುದು. ಹೀಗೆ 12ರಿಂದ 15 ನಿಮಿಷ ನಾದಬೇಕು. ಹಿಟ್ಟಿನ ಚೂರೊಂದನ್ನು ಬೆರಳುಗಳ ನಡುವೆ ಹಿಗ್ಗಿಸಿದಾಗ ಹರಿಯದೆ, ಬೆಳಕು ಕಾಣುವಷ್ಟು ತೆಳುವಾದ ಪೊರೆಯಾದರೆ ನಾದಿದ್ದು ಸಾಕು.

ಎಣ್ಣೆ ಸವರಿದ ಪಾತ್ರೆಯಲ್ಲಿಟ್ಟು ಒದ್ದೆ ಬಟ್ಟೆ ಮುಚ್ಚಿದರೆ 27 ಡಿಗ್ರಿ ಸುಮಾರಿನಲ್ಲಿ ಒಂದೂವರೆ ಗಂಟೆಗೆ ಹಿಟ್ಟು ಇಮ್ಮಡಿಯಾಗುತ್ತದೆ. ರಾಯಚೂರು ಕಲಬುರಗಿಗಳ ಬೇಸಿಗೆಯಲ್ಲಿ ಮುಕ್ಕಾಲು ಗಂಟೆ ಸಾಕು. ಯೀಸ್ಟನ್ನು ಅರ್ಧಕ್ಕಿಳಿಸಿದರೂ ನಡೆಯುತ್ತದೆ. ಗಡಿಯಾರಕ್ಕಿಂತ ಬೆರಳು ನಂಬತಕ್ಕದ್ದು. ಹಿಟ್ಟಿನಲ್ಲಿ ಬೆರಳೊತ್ತಿ ತೆಗೆದಾಗ ಕುಳಿ ಹಾಗೆಯೇ ನಿಂತರೆ ಉಬ್ಬಿದ್ದು ಸಾಕು, ಕೂಡಲೇ ತುಂಬಿಕೊಂಡರೆ ಇನ್ನೂ ಕಾಯಬೇಕು.

ಪ್ವೆಬ್ಲೊ ಊರುಗಳಲ್ಲಿ ಹಬ್ಬದ ಬ್ರೆಡ್ಡಿಗೆ ಹಿಂದಿನ ರಾತ್ರಿಯೇ ದೊಡ್ಡ ಕೊಪ್ಪರಿಗೆಗಳಲ್ಲಿ ಹಿಟ್ಟು ನಾದಿ, ಬಟ್ಟೆ ಹೊದಿಸಿ ಬಿಡುವುದು ವಾಡಿಕೆ. ತಂಪಾದ ರಾತ್ರಿಯಲ್ಲಿ ಅದು ನಿಧಾನವಾಗಿ ಉಬ್ಬಿ ಒಳ್ಳೆಯ ರುಚಿ ಕೂಡುತ್ತದೆ. ಟಾವೋಸ್‌ನಂಥ ಊರು ಸಮುದ್ರ ಮಟ್ಟದಿಂದ ಸುಮಾರು 2,100 ಮೀಟರ್ ಎತ್ತರದಲ್ಲಿದ್ದು ರಾತ್ರಿಗಳು ಚಳಿಯಾಗಿರುತ್ತವೆ. ನಮ್ಮಲ್ಲಿ ಚಿಕ್ಕಮಗಳೂರು ಕೊಡಗುಗಳ ಚಳಿಗಾಲದಲ್ಲಿ ಕಿಲೊ ಹಿಟ್ಟಿಗೆ ಅರ್ಧ ಚಹಾ ಚಮಚ ಯೀಸ್ಟ್ ಮಾತ್ರ ಹಾಕಿ ಹೀಗೆ ಮಾಡಬಹುದು. ಸೆಕೆಯ ಊರುಗಳಲ್ಲಿ ಬೆಳಗಾಗುವಷ್ಟರಲ್ಲಿ ಹಿಟ್ಟು ಹುಳಿಯೇರಿ ಕುಸಿದಿರುತ್ತದೆ.

ಉಬ್ಬಿದ ಹಿಟ್ಟನ್ನು ಮುಷ್ಟಿಯಿಂದ ಒತ್ತಿ ಗಾಳಿ ತೆಗೆದು, ಎರಡು ಭಾಗ ಮಾಡಿ, ಅಂಚುಗಳನ್ನು ಕೆಳಕ್ಕೆ ಸೇದುತ್ತ ಬಿಗಿಯಾದ ಉಂಡೆ ಕಟ್ಟಬೇಕು. ಇದು ಸಾಮಾನ್ಯ ರೂಪ. ಕರಡಿಯ ಪಂಜದ ರೂಪವೂ ಪ್ರಸಿದ್ಧವಾದುದು. ಹಿಟ್ಟನ್ನು ಗೇಣಗಲದ ಬಿಲ್ಲೆಯಾಗಿ ತಟ್ಟಿ, ಮೇಲಿನ ಅಂಚು ಕೆಳಗಿನದಕ್ಕಿಂತ ಒಂದು ಅಂಗುಲ ಹಿಂದೆ ನಿಲ್ಲುವಂತೆ ಮಡಚಿ, ದುಂಡಾದ ಅಂಚಿನಲ್ಲಿ ಎರಡು ಕಡೆ ಆಳವಾಗಿ ಕೊಯ್ದು, ಸ್ವಲ್ಪ ಬಾಗಿಸಿದರೆ ಮೂರು ಬೆರಳಿನ ಪಂಜವಾಗುತ್ತದೆ. ಮಕ್ಕಳು ಒಂದೊಂದು ಬೆರಳು ಮುರಿದುಕೊಳ್ಳಲು ಇದು ಅನುಕೂಲ. ರೂಪ ಕೊಟ್ಟ ಮೇಲೆ ಮತ್ತೆ 40ರಿಂದ 50 ನಿಮಿಷ ಉಬ್ಬಲು ಬಿಡಬೇಕು.

ಒಲೆ ಕಾಯಿಸುವುದು

ಅಲ್ಲಿ ಉರಿಸುವುದು ಜುನಿಪರ್ ಮತ್ತು ಪಿನ್ಯೋನ್ ಎಂಬ ಪೈನ್ ಜಾತಿಯ ಸೌದೆ. ನಮ್ಮಲ್ಲಿ ಜಾಲಿ ಸೌದೆ ಇದಕ್ಕೆ ಚೆನ್ನಾಗಿ ಒದಗುತ್ತದೆ. ಹೊಲಗಳಿಗೆ ಪಿಡುಗಾಗಿರುವ ಬಳ್ಳಾರಿ ಜಾಲಿಯೂ ಮೂಲತಃ ಅಮೆರಿಕದ್ದೇ ಆದುದರಿಂದ ಅದನ್ನು ಈ ಕೆಲಸಕ್ಕೆ ಸುಡುವುದು ನ್ಯಾಯವಾಗಿಯೇ ಇದೆ. ಬಣ್ಣ ಬಳಿದ ಹಲಗೆ, ಔಷಧಿ ಹಾಕಿದ ಮರ, ಕಣಗಿಲೆಯ ಕಡ್ಡಿ ಇವನ್ನು ಎಂದೂ ಉರಿಸಬಾರದು. ಹೊಗೆಯ ವಿಷ ಬ್ರೆಡ್ಡಿಗೂ ಸೇರೀತು.

ಸೌದೆಯನ್ನು ಒಲೆಯ ನಡುವೆ ಒಟ್ಟಿ, ಹೊಗೆ ತೂತನ್ನು ತೆರೆದಿಟ್ಟು ಉರಿ ಹಾಕಬೇಕು. ಮೊದಲು ಗುಮ್ಮಟದ ಒಳಮೈ ಮಸಿ ಹಿಡಿದು ಕಪ್ಪಾಗುತ್ತದೆ. ಗೋಡೆ ಕಾದಂತೆಲ್ಲ ಆ ಮಸಿಯೇ ಸುಟ್ಟುಹೋಗಿ ಒಳಮೈ ಬಿಳಿಚಿಕೊಳ್ಳುತ್ತದೆ. ನೆತ್ತಿಯಿಂದ ಆರಂಭವಾಗುವ ಈ ಬಿಳುಪು ಬದಿಗಳವರೆಗೆ ಇಳಿದದ್ದು ಒಲೆ ಕಾದಿದೆ ಎಂಬುದಕ್ಕೆ ಮೊದಲ ಗುರುತು.

ಹೊಸಬರು ಸಾಮಾನ್ಯವಾಗಿ ಮೋಸಹೋಗುವುದು ಇಲ್ಲಿಯೇ. ತೆಳುವಾದ ಸೌದೆಯನ್ನು ಒಮ್ಮೆಲೇ ಭರ್ರನೆ ಉರಿಸಿದರೆ ಮುಕ್ಕಾಲು ಗಂಟೆಯಲ್ಲೇ ಮಸಿ ಹೋಗಿ ಬಿಳುಪು ಕಾಣಬಹುದು. ಆದರೆ ಮಣ್ಣು ಶಾಖವನ್ನು ಬಹಳ ನಿಧಾನವಾಗಿ ಒಳಕ್ಕೆ ಬಿಡುವ ವಸ್ತು. ಅರೆ ಗಂಟೆಯ ಉರಿಗೆ ಗೋಡೆಯ ಮೇಲ್ಪದರ ಮಾತ್ರ ಕಾದಿರುತ್ತದೆ, ಒಳಗಿನ ಮಣ್ಣು ತಣ್ಣಗೇ ಇರುತ್ತದೆ. ಕೆಂಡ ತೆಗೆದ ಮೇಲೆ ಮೇಲ್ಪದರದ ಶಾಖ ಹೊರಗೂ ಒಳಗೂ ಹಂಚಿಹೋಗಿ, ಬ್ರೆಡ್ಡು ಅರ್ಧ ಬೇಯುವಷ್ಟರಲ್ಲಿ ಒಲೆ ತಣಿದುಬಿಡುತ್ತದೆ. ಇದು ಅಂಚಿನವರೆಗೆ ನೀರು ಕಂಡರೂ ಬೇರಿಗೆ ಇಳಿಯದ ಗದ್ದೆಯಂತೆ. ದಪ್ಪ ಸೌದೆಯನ್ನು ಎರಡು ಎರಡೂವರೆ ಗಂಟೆ ಸಮನಾಗಿ ಉರಿಸುವುದಕ್ಕೆ ಇದೇ ಕಾರಣ.

ಮಳೆಗೆ ನೆನೆದ ಒಲೆಯದು ಇನ್ನೊಂದು ತೊಡಕು. ಒಂದು ಗ್ರಾಂ ನೀರನ್ನು ಹೆಪ್ಪುಗಟ್ಟುವ ಮಟ್ಟದಿಂದ ಕುದಿಯುವವರೆಗೆ ಕಾಯಿಸಲು 100 ಕ್ಯಾಲೊರಿ ಶಾಖ ಸಾಕಾದರೆ, ಅದನ್ನೇ ಆವಿ ಮಾಡಲು ಮತ್ತೆ 540 ಕ್ಯಾಲೊರಿ ಬೇಕಾಗುತ್ತದೆ. ಗೋಡೆಯ ತೇವ ಆರುವವರೆಗೆ ಸೌದೆಯೆಲ್ಲ ಆವಿಗೇ ಖರ್ಚು. ಆದುದರಿಂದ ಹಿಂದಿನ ದಿನವೇ ಸಣ್ಣ ಉರಿ ಹಾಕಿ ಒಲೆ ಒಣಗಿಸಿಕೊಳ್ಳತಕ್ಕದ್ದು. ಒದ್ದೆ ಗೋಡೆಗೆ ಒಮ್ಮೆಲೇ ಜೋರು ಉರಿ ಹಾಕಿದರೆ ಬಿರುಕು ಬಿಡುವುದೂ ಉಂಟು.

ಹದ ನೋಡುವುದು

ಉರಿ ಇಳಿದು ಕೆಂಡವಾದ ಮೇಲೆ ಅದನ್ನು ನೆಲದ ತುಂಬ ಹರಡಿ ಕಾಲು ಗಂಟೆ ಬಿಡಬೇಕು. ಇಲ್ಲವಾದರೆ ಗುಮ್ಮಟ ಕಾದಿದ್ದರೂ ನೆಲ ತಣ್ಣಗಿದ್ದು ಬ್ರೆಡ್ಡಿನ ತಳ ಹಸಿಯಾಗಿ ಉಳಿಯುತ್ತದೆ. ಆಮೇಲೆ ಉದ್ದ ಹಿಡಿಯ ಗುದ್ದಲಿ ಅಥವಾ ಹರಗುವ ಕೋಲಿನಿಂದ ಕೆಂಡ ಬೂದಿಗಳನ್ನು ಪೂರ್ಣ ಹೊರಗೆಳೆಯಬೇಕು. ಅಲ್ಲಿ ಜುನಿಪರಿನ ಹಸಿ ಸೊಪ್ಪನ್ನು ನೀರಿನಲ್ಲಿ ಅದ್ದಿ, ಅಥವಾ ಕೋಲಿನ ತುದಿಗೆ ಒದ್ದೆ ಗೋಣಿ ಕಟ್ಟಿ, ನೆಲವನ್ನು ಬಳಿದು ಒರೆಸುತ್ತಾರೆ. ಬೂದಿ ಹೋಗುವುದು ಒಂದು ಪ್ರಯೋಜನ. ಏಳುವ ಹಬೆ ಒಳಗೇ ಉಳಿದು ಬ್ರೆಡ್ಡಿನ ಮೇಲ್ಮೈ ಬೇಗ ಗಟ್ಟಿಯಾಗದಂತೆ ತಡೆಯುವುದು ಇನ್ನೊಂದು. ಹಿಟ್ಟು ಒಲೆಯಲ್ಲಿ ಕೊನೆಯ ಬಾರಿ ಉಬ್ಬುವುದು ಈ ಮೊದಲ ಹತ್ತು ನಿಮಿಷಗಳಲ್ಲಿಯೇ.

ಈಗ ಬಾಗಿಲನ್ನೂ ತೂತನ್ನೂ ಮುಚ್ಚಿ ಹತ್ತು ಹದಿನೈದು ನಿಮಿಷ ಸುಮ್ಮನಿರಬೇಕು. ಮೇಲ್ಪದರದ ಅತಿ ಶಾಖ ಆಳಕ್ಕಿಳಿದು ಗೋಡೆ, ನೆಲ, ಗಾಳಿ ಮೂರೂ ಸಮನಾಗುತ್ತವೆ. ಈ ವಿರಾಮ ಕೊಡದೆ ಮಾಡಿದ ಪರೀಕ್ಷೆ ನಂಬುವಂಥದಲ್ಲ.

ಪರೀಕ್ಷೆಗೆ ಒಂದು ಚೂರು ಸುದ್ದಿಪತ್ರಿಕೆಯ ಕಾಗದ, ಒಂದೆರಡು ಹುಲ್ಲುಕಡ್ಡಿ ಅಥವಾ ಒಣ ಜೋಳದ ಸಿಪ್ಪೆ ಸಾಕು. ಒಳಗೆ ಹಾಕಿದ ಕೂಡಲೇ ಕಪ್ಪಾಗಿ ಹೊತ್ತಿಕೊಂಡರೆ ಒಲೆ ಅತಿ ಬಿಸಿ. ನಿಧಾನವಾಗಿ, ಸುಮಾರು ಅರ್ಧ ನಿಮಿಷದಲ್ಲಿ, ಹೊಂಬಣ್ಣಕ್ಕೆ ತಿರುಗಿದರೆ ಹದ ಸರಿ. ಬಣ್ಣವೇ ಬದಲಾಗದಿದ್ದರೆ ಒಲೆ ತಣಿದಿದೆ. ಕಾಗದ ತಾನಾಗಿ ಹೊತ್ತಿಕೊಳ್ಳುವುದು ಸುಮಾರು 230 ಡಿಗ್ರಿಯಲ್ಲಿ. ಹೊಂಬಣ್ಣ ಬರುವುದು ಅದಕ್ಕಿಂತ ಕೆಳಗೆ. ಉಷ್ಣಮಾಪಕವಿಲ್ಲದ ಕಾಲದಿಂದ ಬಂದ ಈ ಪರೀಕ್ಷೆಯನ್ನು ಇಂದು ಮಾಪಕವಿಟ್ಟು ನೋಡಿದರೂ ತಪ್ಪೆನ್ನುವಂತಿಲ್ಲ.

ಅತಿ ಬಿಸಿಗೆ ಮದ್ದುಂಟು. ಬಾಗಿಲು ತೆರೆದಿಟ್ಟು ಐದು ನಿಮಿಷಕ್ಕೊಮ್ಮೆ ಕಾಗದ ಹಾಕಿ ನೋಡುತ್ತ, ಬೇಕಾದರೆ ಇನ್ನೊಮ್ಮೆ ಒದ್ದೆ ಗೋಣಿ ಎಳೆದು, ಹದಕ್ಕೆ ತರಬಹುದು. ತಣಿದ ಒಲೆಗೆ ಮದ್ದಿಲ್ಲ. ಮತ್ತೆ ಸೌದೆ ತುಂಬಿ ಉರಿಸಬೇಕು, ಅಷ್ಟರಲ್ಲಿ ಉಬ್ಬಿದ ಹಿಟ್ಟು ಕುಸಿದಿರುತ್ತದೆ. ಆದ್ದರಿಂದ ಎರಡರಲ್ಲಿ ತಪ್ಪುವುದಾದರೆ ಬಿಸಿಯ ಕಡೆಗೇ ತಪ್ಪಬೇಕು. ಅನುಭವಿಗಳು ಬೇಕಾದ್ದಕ್ಕಿಂತ ಒಂದು ತೋಳು ಸೌದೆ ಹೆಚ್ಚೇ ಉರಿಸುವುದು ಇದಕ್ಕಾಗಿ.

ಹಿಟ್ಟು ಮತ್ತು ಒಲೆ ಒಂದೇ ವೇಳೆಗೆ ಹದಕ್ಕೆ ಬರಬೇಕಾದದ್ದು ಈ ಕೆಲಸದ ಕಷ್ಟ. ಲೆಕ್ಕವನ್ನು ಹಿಂದಿನಿಂದ ಹಾಕಬೇಕು. ಬೆಳಿಗ್ಗೆ 9 ಗಂಟೆಗೆ ಬ್ರೆಡ್ಡು ಒಲೆಗೆ ಹೋಗಬೇಕಾದರೆ ಬೆಂಕಿ 6 ಗಂಟೆಗೆ ಹತ್ತಿರಬೇಕು, ಉಂಡೆ ಕಟ್ಟುವುದು 8ರ ಸುಮಾರಿಗೆ ಮುಗಿದಿರಬೇಕು, ಹಗಲಿನಲ್ಲೇ ನಾದುವುದಾದರೆ ಯೀಸ್ಟಿನ ನೊರೆ 6 ಗಂಟೆಗಿಂತ ಮುಂಚೆ ಎದ್ದಿರಬೇಕು. ಒಲೆ ತಡವಾಗುವಂತೆ ಕಂಡರೆ ಉಂಡೆಗಳನ್ನು ತಂಪಾದ ಕೋಣೆಗೆ ಸಾಗಿಸಿ ಸ್ವಲ್ಪ ಹೊತ್ತು ಹಿಡಿದಿಡಬಹುದು. ಹಿಟ್ಟು ತಡವಾದರೆ ಒಲೆಯ ಬಾಗಿಲನ್ನು ಭದ್ರವಾಗಿ ಮುಚ್ಚಿಡುವುದೊಂದೇ ಉಪಾಯ. ಮೊದಲ ಬಾರಿ ಮಾಡುವವರು ಹಿಟ್ಟಿಗಿಂತ ಒಲೆಯನ್ನೇ ತುಸು ಮುಂದಾಗಿ ಸಿದ್ಧಪಡಿಸಿಕೊಳ್ಳಲಿ.

ಬೇಯಿಸುವುದು

ಉದ್ದ ಹಿಡಿಯ ಮರದ ಹಲಗೆಗೆ ಹಿಟ್ಟು ಉದುರಿಸಿ, ಅದರ ಮೇಲೆ ಉಂಡೆಯನ್ನಿಟ್ಟು ಒಳಗೆ ಜಾರಿಸಬೇಕು. ಮೊದಲು ಹಿಂಬದಿ, ಕೊನೆಗೆ ಬಾಗಿಲ ಬಳಿ. ಒಂದಕ್ಕೊಂದು ತಾಗದಂತೆ ನಾಲ್ಕು ಬೆರಳು ಜಾಗ ಬಿಡುವುದು ಯುಕ್ತ. ಕೈಚಳಕವಿಲ್ಲದೆ ನಿಧಾನ ಮಾಡಿದಷ್ಟೂ ತೆರೆದ ಬಾಗಿಲಿನಿಂದ ಶಾಖ ಹೋಗುತ್ತಿರುತ್ತದೆ. ತುಂಬಿದ ಮೇಲೆ ಚಪ್ಪಡಿ ಅಥವಾ ಹಲಗೆ ಇಟ್ಟು, ಸಂದಿಗಳಿಗೆ ಒದ್ದೆ ಗೋಣಿ ತುರುಕಿ, ತೂತನ್ನೂ ಮುಚ್ಚುತ್ತಾರೆ. ಬ್ರೆಡ್ಡಿನ ಗಾತ್ರ ನೋಡಿಕೊಂಡು 45 ನಿಮಿಷದಿಂದ ಒಂದು ಗಂಟೆ ಬೇಕು. ಮೊದಲ ಅರ್ಧ ಗಂಟೆ ಬಾಗಿಲು ತೆಗೆಯಲೇ ಬಾರದು.

ಹೊರತೆಗೆದ ಬ್ರೆಡ್ಡಿನ ತಳವನ್ನು ಬೆರಳ ಗಿಣ್ಣಿನಿಂದ ತಟ್ಟಿದಾಗ ಟೊಳ್ಳು ಸದ್ದು ಬಂದರೆ ಬೆಂದಿದೆಯೆಂದರ್ಥ. ಮಂದವಾದ ಸದ್ದಿಗೆ ಇನ್ನೂ ಹತ್ತು ನಿಮಿಷ. ಬಿಸಿ ಇರುವಾಗಲೇ ಕೊಯ್ದರೆ ಒಳಗಿನ ತಿರುಳು ಅಂಟಂಟಾಗಿ ಮುದ್ದೆಯಾಗುತ್ತದೆ. ಒಂದು ಗಂಟೆ ಆರಲು ಬಿಡಬೇಕು.

ಮಣ್ಣೊಲೆ ಇಲ್ಲದವರು ಮನೆಯ ವಿದ್ಯುತ್ ಓವನ್ನಿನಲ್ಲೂ ಇದನ್ನು ಮಾಡಬಹುದು. ಪ್ವೆಬ್ಲೊ ಕುಟುಂಬಗಳಲ್ಲೂ ಇಂದು ಹಲವರು ಹೀಗೆ ಮಾಡುತ್ತಾರೆ. ಇಲ್ಲಿಯೂ ಮಣ್ಣೊಲೆಯ ಗುಣವನ್ನು ಅನುಸರಿಸುವುದು ಒಳ್ಳೆಯದು, ಅಂದರೆ ಬಿಸಿ ಹೆಚ್ಚಾಗಿ ಆರಂಭವಾಗಿ ಕ್ರಮೇಣ ಇಳಿಯಬೇಕು. ದಪ್ಪ ಕಬ್ಬಿಣದ ಹೆಂಚನ್ನು ಒಳಗಿಟ್ಟು 230 ಡಿಗ್ರಿಗೆ ಅರ್ಧ ಗಂಟೆ ಕಾಯಿಸಿ, ಉಂಡೆಯನ್ನು ಹೆಂಚಿನ ಮೇಲಿಟ್ಟು, ಕೆಳಗಿನ ತಟ್ಟೆಗೆ ಒಂದು ಲೋಟ ಬಿಸಿನೀರು ಹಾಕಿ ಹತ್ತು ನಿಮಿಷ ಬಿಡಬೇಕು. ಅನಂತರ 190 ಡಿಗ್ರಿಗಿಳಿಸಿ ಮತ್ತೆ 30ರಿಂದ 35 ನಿಮಿಷ.

ಬ್ರೆಡ್ಡು ಕೆಟ್ಟಾಗ ಅದನ್ನೇ ಕೊಯ್ದು ನೋಡಿದರೆ ಕಾರಣ ತಿಳಿಯುತ್ತದೆ. ಮೇಲೆ ಕಪ್ಪು, ನಡುವೆ ಹಸಿ ಎಂದರೆ ಒಲೆ ಅತಿ ಬಿಸಿಯಿತ್ತು. ಬಣ್ಣ ಬಿಳಿಚಿಕೊಂಡು, ಸಿಪ್ಪೆ ದಪ್ಪವಾಗಿ ಒಣಗಿದ್ದರೆ ಒಲೆ ತಣಿದಿತ್ತು. ಮೇಲೆ ಹೊನ್ನಿನ ಬಣ್ಣ ಬಂದು ತಳ ಮಾತ್ರ ಹಸಿಯಾದರೆ ಕೆಂಡವನ್ನು ನೆಲದ ತುಂಬ ಹರಡಿರಲಿಲ್ಲ. ಹುಳಿ ವಾಸನೆಯೊಂದಿಗೆ ಚಪ್ಪಟೆಯಾಗಿ ಹರಡಿದ್ದರೆ ತಪ್ಪು ಒಲೆಯದಲ್ಲ, ಹಿಟ್ಟು ಮಿತಿಮೀರಿ ಉಬ್ಬಿತ್ತು.

ಹಬ್ಬ ಮತ್ತು ಉಳಿದ ಶಾಖ

ಪ್ವೆಬ್ಲೊ ಊರುಗಳಲ್ಲಿ ಒಂದೊಂದಕ್ಕೂ ಒಬ್ಬ ಸಂತನ ಹಬ್ಬದ ದಿನವಿದೆ. ಆಕೊಮದಲ್ಲಿ ಸೆಪ್ಟೆಂಬರ್ 2, ಟಾವೋಸ್‌ನಲ್ಲಿ ಸೆಪ್ಟೆಂಬರ್ 30, ಹೇಮೆಸ್‌ನಲ್ಲಿ ನವೆಂಬರ್ 12. ಹೆಸರು ಕ್ರೈಸ್ತ ಸಂತರದು, ಕುಣಿತ ಪೂರ್ವಿಕರದು. ಆ ದಿನ ಮನೆಮನೆಯ ಬಾಗಿಲು ತೆರೆದಿದ್ದು, ಬಂದವರನ್ನು ಕರೆದು ಮೆಣಸಿನಕಾಯಿ ಹಾಕಿದ ಮಾಂಸದ ಸಾರು, ಮುಸುಕಿನ ಜೋಳದ ಪೊಸೊಲೆ ಮತ್ತು ಈ ಬ್ರೆಡ್ಡನ್ನು ಬಡಿಸುತ್ತಾರೆ. ಒಂದು ಪಂಕ್ತಿ ಎದ್ದ ಕೂಡಲೇ ಮತ್ತೊಂದು ಪಂಕ್ತಿ ಕುಳಿತುಕೊಳ್ಳುವುದು ನಮ್ಮ ಜಾತ್ರೆಯ ಮನೆಗಳಂತೆಯೇ. ಕೆಲವು ಊರುಗಳಲ್ಲಿ ಸಂತನ ಹೆಸರು ಹೊತ್ತವರ ಮನೆಯವರು ಮಾಳಿಗೆ ಏರಿ ಕೆಳಗೆ ನೆರೆದವರಿಗೆ ಬ್ರೆಡ್ಡು ಮತ್ತು ಇತರ ವಸ್ತುಗಳನ್ನು ಎಸೆದು ಹಂಚುವ ಪದ್ಧತಿಯೂ ಇದೆ.

ಬ್ರೆಡ್ಡು ಹೊರಬಂದ ಮೇಲೆಯೂ ಒಲೆಯ ಶಾಖ ಮುಗಿದಿರುವುದಿಲ್ಲ. ಮೊದಲು ಹಣ್ಣಿನ ಹೂರಣ ತುಂಬಿದ ತೆಳು ಕಡುಬುಗಳನ್ನೂ ಬಿಸ್ಕತ್ತುಗಳನ್ನೂ ಬೇಯಿಸುತ್ತಾರೆ. ಸುಗ್ಗಿಯ ಕಾಲದಲ್ಲಿ ಮುಸುಕಿನ ಜೋಳದ ಎಳೆಯ ತೆನೆಗಳಿಗಾಗಿಯೇ ಒಲೆಯನ್ನು ಬೇರೆಯಾಗಿ ಕಾಯಿಸುವುದೂ ಉಂಟು. ತೆನೆಗಳನ್ನು ಸಿಪ್ಪೆಸಹಿತ ಒಳಗೆ ತುಂಬಿ, ಸ್ವಲ್ಪ ನೀರು ಚಿಮುಕಿಸಿ, ಬಾಗಿಲಿನ ಸಂದಿಗಳಿಗೆ ಮಣ್ಣು ಮೆತ್ತಿ ರಾತ್ರಿಯೆಲ್ಲ ಬಿಡುತ್ತಾರೆ. ಬೆಳಿಗ್ಗೆ ತೆಗೆದು, ಸಿಪ್ಪೆಯನ್ನು ಹಿಂದಕ್ಕೆ ಮಡಚಿ ಜಡೆಯಂತೆ ಹೆಣೆದು, ಬಿಸಿಲಿಗೆ ತೂಗುಹಾಕಿ ಒಣಗಿಸಿ ಕಾಳು ಬಿಡಿಸಿದರೆ ಅದೇ ಚಿಕೋಸ್. ಇದು ಚಳಿಗಾಲವಿಡೀ ಕೆಡದೆ ಇರುತ್ತದೆ, ಬೀನ್ಸ್ ಜೊತೆ ಬೇಯಿಸಿದಾಗ ಒಲೆಯ ಹೊಗೆಯ ಪರಿಮಳ ಮತ್ತೆ ಏಳುತ್ತದೆ.